ಎಡಗಣ್ಣಿಗೇ ಯಾಕೆ ಆ ಮರ್ಯಾದೆ?

ಮೊದಲು ಕಣ್ಣಿಗೆ ಬಿದ್ದದ್ದು ಪಂಜರ. ಒಂದು ಮೊಳಕ್ಕಿಂತ ಚಿಕ್ಕದು. ಲೋಹದ ಕಂಬಿಗಳನ್ನು ಕೂಡಿಸಿ ಮಾಡಿದ, ಆರೂ ಕಡೆ ತೆರೆದ ಚೌಕಟ್ಟು. ಅದರ ನಡುವೆ ತಲೆಬುರುಡೆಯೊಂದನ್ನು ತಿರುಪು ಹಾಕಿ ನಿಲ್ಲಿಸಿದ್ದರು. ಅದರ ತಳದಲ್ಲಿ, ಬೆನ್ನುಹುರಿ ಇಳಿಯುವ ದೊಡ್ಡ ತೂತಿನ ಅಂಚನ್ನು ಒಂದು ಪುಟ್ಟ ಇಕ್ಕಳ ಕಚ್ಚಿ ಹಿಡಿದಿತ್ತು. ಉತ್ತರ ಕರ್ನಾಟಕದ ಒಂದು ವಿಶ್ವವಿದ್ಯಾಲಯದ ಮಾನವಶಾಸ್ತ್ರ ವಿಭಾಗಕ್ಕೆ ನಾನು ಹೋದದ್ದು ಬೇರೆ ಯಾವುದೋ ಹಳೆಯ ವರದಿ ಹುಡುಕಿಕೊಂಡು. ವರದಿ ಸಿಕ್ಕಿತು, ಓದಿದೆ, ಮರೆತೆ. ಈ ಪಂಜರ ಮಾತ್ರ ತಲೆಯಿಂದ ಇಳಿಯುತ್ತಿಲ್ಲ.

"ಕ್ಯೂಬಿಕ್ ಕ್ರೇನಿಯೋಫೋರ್ ರೀ. ಈಗ ಯಾರೂ ಹೆಚ್ಚು ಬಳಸೂದಿಲ್ಲ. ಪ್ರಾಕ್ಟಿಕಲ್ ಪರೀಕ್ಷಾ ಬಂದಾಗ ಧೂಳ ಒರಸ್ತೀವಿ," ಎಂದರು ಪ್ರಾಧ್ಯಾಪಕಿ. ಹಾಗೆ ಅಂದವರು ಆ ವಸ್ತುವನ್ನು ನನಗೆ ತೋರಿಸಲು ಒಂದು ಮಧ್ಯಾಹ್ನವನ್ನೇ ಕೊಟ್ಟರು. ಅವರಿಗೂ ಅದರ ಮೇಲೆ ಮೋಹ ಇದೆ ಅನ್ನುವುದು ಗೊತ್ತಾಯಿತು.

ವಿಷಯ ಇಷ್ಟೆ. ದವಡೆ ಕಳಚಿದ ಬುರುಡೆಯನ್ನು ಹಾಗೇ ಮೇಜಿನ ಮೇಲೆ ಇಟ್ಟರೆ ಅದು ಮೇಲಿನ ಹಲ್ಲುಗಳ ಮೇಲೂ ಹಿಂದಲೆಯ ಮೇಲೂ ಭಾರ ಬಿಟ್ಟು, ಮುಖ ತುಸು ಮೇಲೆತ್ತಿ ಕೂರುತ್ತದೆ. ಹಲ್ಲು ಉದುರಿದ ಬುರುಡೆ ಇನ್ನೊಂದು ಥರ ಕೂರುತ್ತದೆ. ದವಡೆ ಸೇರಿಸಿದರೆ ಮತ್ತೊಂದು ಥರ. ನೀವು ಒಂದು ಕೋನದಲ್ಲಿ ಅಳೆದು ಹಣೆ ಇಷ್ಟು ಇಳಿಜಾರು ಎಂದು ಬರೆದರೆ, ನಾನು ಇನ್ನೊಂದು ಕೋನದಲ್ಲಿ ಅಳೆದು ಇಲ್ಲ, ಅಷ್ಟಿಲ್ಲ ಅನ್ನಬಹುದು. ಇಬ್ಬರೂ ಸುಳ್ಳು ಹೇಳಿರುವುದಿಲ್ಲ. ಶರೀರಶಾಸ್ತ್ರದಲ್ಲಿ ಇಡೀ ದೇಹಕ್ಕೊಂದು ಒಪ್ಪಿತ ನಿಲುವು ಇದೆ: ನೇರ ನಿಂತು, ಕೈ ಇಳಿಬಿಟ್ಟು, ಅಂಗೈ ಮುಂದೆ. ಕುತ್ತಿಗೆಯಿಂದ ಬೇರೆಯಾದ ತಲೆಗೆ ನೆಟ್ಟಗಿನ ನಿಲುವು ಯಾವುದು? ಬುರುಡೆ ತಾನಾಗಿ ಹೇಳುವುದಿಲ್ಲ. ಯಾರಾದರೂ ಕೂತು ತೀರ್ಮಾನ ಮಾಡಬೇಕು. ಆ ತೀರ್ಮಾನದ ಹೆಸರೇ ಫ್ರಾಂಕ್‌ಫರ್ಟ್ ಸಮತಲ. ಮೊದಲ ವರ್ಷದ ಎಂಬಿಬಿಎಸ್ ಹುಡುಗರು ವೈವಾದಲ್ಲಿ ಗಿಣಿಪಾಠ ಒಪ್ಪಿಸುವುದು ಇದನ್ನೇ: ಕಣ್ಣುಗೂಡಿನ ಕೆಳ ಅಂಚು, ಕಿವಿತೂತಿನ ಮೇಲಂಚು, ಎರಡನ್ನೂ ಕೂಡಿಸುವ ಗೆರೆ ನೆಲಕ್ಕೆ ಸಮಾಂತರ.

ಗಿಣಿಪಾಠದಲ್ಲಿ ಬಿಟ್ಟುಹೋಗುವ ಒಂದು ಪದ ಇದೆ. ನನಗೆ ಆ ಮಧ್ಯಾಹ್ನ ಹುಚ್ಚು ಹಿಡಿಸಿದ್ದು ಅದೇ.

ಪ್ರಾಧ್ಯಾಪಕಿ ಒಂದು ಪುಟ್ಟ ಸ್ಟ್ಯಾಂಡ್ ತಂದರು. ಭಾರದ ತಳ, ಮೇಲೊಂದು ಕಂಬ, ಕಂಬದಿಂದ ಅಡ್ಡಕ್ಕೆ ಚಾಚಿದ ಚೂಪು ಸೂಜಿ. ಸೂಜಿಯ ಎತ್ತರವನ್ನು ಬುರುಡೆಯ ಎಡ ಕಿವಿತೂತಿನ ಮೇಲಂಚಿಗೆ ಸರಿಹೊಂದಿಸಿ ತಿರುಪು ಬಿಗಿದರು. ಈ ಬಿಂದುವಿಗೆ ಪೋರಿಯಾನ್ ಎಂದು ಹೆಸರು. ಸ್ಟ್ಯಾಂಡನ್ನು ಮೇಜಿನ ಮೇಲೇ ಸರಿಸುತ್ತ ಬಲಕ್ಕೆ ತಂದರು. ಬಲ ಕಿವಿಯಲ್ಲಿ ಸೂಜಿ ತೂತಿನೊಳಕ್ಕೆ ನುಗ್ಗಿತು. ಅಂದರೆ ಆ ಬದಿ ಎತ್ತರವಾಗಿದೆ. ಇಕ್ಕಳದ ತಿರುಪು ಒಂದಿಷ್ಟು ಸಡಿಲ, ಬುರುಡೆ ಒಂದು ಎಳ್ಳುಕಾಳಿನಷ್ಟು ವಾಲಿಸು, ಮತ್ತೆ ಬಿಗಿ, ಮತ್ತೆ ಎಡಕ್ಕೆ, ಮತ್ತೆ ಬಲಕ್ಕೆ. ಎರಡೂ ಕಿವಿ ಒಂದೇ ಎತ್ತರಕ್ಕೆ ಬಂದ ಮೇಲೆ ಕಣ್ಣಿನ ಸರದಿ. ಎಡ ಕಣ್ಣುಗೂಡಿನ ಅತಿ ತಗ್ಗಿನ ಬಿಂದು, ಆರ್ಬಿಟಾಲೆ. ಮುಖವನ್ನು ನಿಧಾನವಾಗಿ ಬಗ್ಗಿಸುತ್ತ ಬಂದು ಸೂಜಿಯ ಮೊನೆ ಅಲ್ಲಿ ತಾಕಿತು.

"ಆತು, ನೆಟ್ಟಗಾತು," ಅಂದರು.

"ಬಲಗಣ್ಣು?"

"ಅದನ್ನ ಕೇಳಬ್ಯಾಡ್ರಿ."

ಕೇಳದೆ ಇರುತ್ತೇನೆಯೇ! ಸ್ಟ್ಯಾಂಡನ್ನು ನಾನೇ ಸರಿಸಿದೆ. ಬಲ ಕಣ್ಣುಗೂಡಿನ ಅಂಚಿಗೂ ಸೂಜಿಗೂ ನಡುವೆ ಒಂದು ಉಗುರಿನ ದಪ್ಪದ ಸಂದು ಕಂಡಿತು. ಬುರುಡೆಯದೇನೂ ದೋಷವಲ್ಲ, ಮನುಷ್ಯನ ಮುಖದ ಎರಡು ಅರ್ಧಗಳು ಒಂದೇ ಅಚ್ಚಿನವಲ್ಲ. ನಾಲ್ಕು ಬಿಂದುಗಳನ್ನು ಒಂದೇ ಸಮತಲಕ್ಕೆ ತರುತ್ತೇನೆ ಎಂದು ಹೊರಟರೆ ಹೆಚ್ಚಿನ ಬುರುಡೆಗಳು ಬಗ್ಗುವುದಿಲ್ಲ. ಮೂರು ಬಿಂದುಗಳಾದರೆ ತಕರಾರೇ ಇಲ್ಲ. ಮೂರು ಕಲ್ಲಿನ ಒಲೆ ಎಂಥ ಹಳ್ಳದಿಣ್ಣೆಯ ನೆಲದಲ್ಲೂ ಅಲುಗದೆ ಪಾತ್ರೆ ಹೊರುತ್ತದಲ್ಲ, ಅದೇ ಲೆಕ್ಕ. ಎರಡು ಕಿವಿ, ಒಂದು ಕಣ್ಣು. ಒಂದೇ ಕಣ್ಣು ಎಂದ ಮೇಲೆ ಯಾವುದು ಅಂತ ಗೊತ್ತುಮಾಡಬೇಕು. ಬರ್ಲಿನ್ನಿನವನು ಎಡಗಣ್ಣು, ಲಂಡನ್ನಿನವನು ಬಲಗಣ್ಣು ಹಿಡಿದರೆ ಮತ್ತೆ ಜಗಳ. ಎಡಗಣ್ಣು ಎಂದು ಗೊತ್ತಾಯಿತು. ನಮ್ಮ ಪಠ್ಯಪುಸ್ತಕಗಳು ಮಾತ್ರ ಇದನ್ನು ಮೆಲ್ಲಗೆ ನುಂಗಿಹಾಕಿ 'ಕಣ್ಣುಗೂಡಿನ ಕೆಳ ಅಂಚು' ಎಂದಷ್ಟೇ ಬರೆಯುತ್ತವೆ. ಪಕ್ಕದಿಂದ ಬಿಡಿಸಿದ ಚಿತ್ರದಲ್ಲಿ ಒಂದು ಕಣ್ಣು, ಒಂದು ಕಿವಿ ಮಾತ್ರ ಕಾಣುವುದರಿಂದ ಯಾರಿಗೂ ಸಂಶಯ ಬರುವುದಿಲ್ಲ.

ಇದು ಕೇವಲ ಚಿಲ್ಲರೆ ತಕರಾರು ಅನ್ನುವವರಿಗೆ ಒಂದು ಮಾತು. ಪಕ್ಕದಿಂದ ತೆಗೆದ ಸಾದಾ ಎಕ್ಸ್‌ರೇ ಇರುವಷ್ಟು ಕಾಲ ಎಡ-ಬಲದ ಪ್ರಶ್ನೆ ಮಲಗಿತ್ತು. ಎರಡು ಬದಿಯ ನೆರಳುಗಳು ಒಂದರ ಮೇಲೊಂದು ಬಿದ್ದಿರುತ್ತಿದ್ದವು, ನಡುವೆ ಒಂದು ಚುಕ್ಕೆ ಇಟ್ಟರೆ ಮುಗಿಯಿತು. ಈಗ ಹಲ್ಲಿನ ವೈದ್ಯರ ಬಳಿ ಕೋನ್ ಬೀಮ್ ಸಿ.ಟಿ. ಬಂದಿದೆ. ಕಂಪ್ಯೂಟರಿನ ಮೇಲೆ ತಲೆ ಮೂರು ಆಯಾಮದಲ್ಲಿ ತಿರುಗುತ್ತದೆ, ನಾಲ್ಕು ಬಿಂದುಗಳೂ ಬೇರೆಬೇರೆಯಾಗಿ ಕಾಣುತ್ತವೆ. ಸಂಶೋಧನಾ ಲೇಖನಗಳನ್ನು ತಿರುವಿದರೆ ಒಬ್ಬರು ಎರಡು ಕಿವಿ ಒಂದು ಎಡಗಣ್ಣು ಅನ್ನುತ್ತಾರೆ, ಇನ್ನೊಬ್ಬರು ಎರಡು ಕಣ್ಣು ಒಂದು ಬಲಗಿವಿ ಅನ್ನುತ್ತಾರೆ. ಎಲ್ಲರೂ ಅದಕ್ಕೆ ಫ್ರಾಂಕ್‌ಫರ್ಟ್ ಎಂದೇ ಹೆಸರಿಡುತ್ತಾರೆ. ನೂರನಲವತ್ತು ವರ್ಷಗಳ ಹಿಂದೆ ಪಂಚಾಯ್ತಿ ಮಾಡಿ ಮುಗಿಸಿದ ಜಗಳ ಮತ್ತೆ ಕಟ್ಟೆ ಹತ್ತಿದೆ.

ಆ ಪಂಚಾಯ್ತಿಯ ಕಥೆಯನ್ನು ಬೇಗ ಹೇಳಿಬಿಡುತ್ತೇನೆ. 18ನೇ ಶತಮಾನದಲ್ಲಿ ಡಚ್ ವೈದ್ಯ ಪೀಟರ್ ಕಾಂಪರ್ ಕಿವಿತೂತಿನಿಂದ ಮೂಗಿನ ಬುಡಕ್ಕೆ ಗೆರೆ ಎಳೆದು, ಅದರ ಮೇಲೆ ಮುಖದ ಕೋನ ಅಳೆದ. ಜರ್ಮನಿಯ ಗಾಟಿಂಗನ್‌ನಲ್ಲಿ ಬ್ಲೂಮೆನ್‌ಬಾಖ್‌ಗೆ ಪಕ್ಕದ ನೋಟವೇ ಬೇಡವಾಗಿತ್ತು. ಬುರುಡೆಗಳನ್ನು ಸಾಲಾಗಿ ಇಟ್ಟು ಮೇಲಿನಿಂದ ಬಗ್ಗಿ ನೋಡಬೇಕು ಅಂದ. 1795ರ ಹೊತ್ತಿಗೆ ಅದಕ್ಕೆ 'ನಾರ್ಮಾ ವರ್ಟಿಕಾಲಿಸ್' ಎಂಬ ಹೆಸರು ಕೊಟ್ಟ. ಇವತ್ತಿಗೂ ನಮ್ಮ ಮೆಡಿಕಲ್ ಕಾಲೇಜುಗಳಲ್ಲಿ ಬುರುಡೆಯ ಪಾಠ ನಡೆಯುವುದು ಮುಂದಿನ, ಪಕ್ಕದ, ಮೇಲಿನ, ಹಿಂದಿನ, ತಳದ ಎಂಬ ಐದು ನಾರ್ಮಾಗಳಲ್ಲೇ. ಫ್ರಾನ್ಸಿನಲ್ಲಿ ಪಾಲ್ ಬ್ರೊಕಾ ತನ್ನದೇ ಸಮತಲ ಹಿಡಿದು ಕೂತ. ಮೇಲ್ದವಡೆಯ ಅಂಚಿಗೂ ಕತ್ತಿನ ಮೇಲೆ ಬುರುಡೆ ಕೂರುವ ಎರಡು ಗುಬ್ಬಿಗಳಿಗೂ ಗೆರೆ. 1872ರಲ್ಲಿ ಹರ್ಮನ್ ಫಾನ್ ಈಯರಿಂಗ್ ಎಂಬ ಜರ್ಮನ್ ಕಣ್ಣುಗೂಡಿನ ಕೆಳ ಅಂಚಿಗೂ ಕಿವಿತೂತಿನ ನಡುವಿಗೂ ಗೆರೆ ಎಳೆಯಿರಿ ಅಂದ. 1882ರಲ್ಲಿ ಜರ್ಮನ್ ಮಾನವಶಾಸ್ತ್ರ ಸಂಘ ಫ್ರಾಂಕ್‌ಫರ್ಟಿನಲ್ಲಿ ಸೇರಿದಾಗ ಗೆರೆ ಕಿವಿತೂತಿನ ನಡುವಿನಿಂದ ಮೇಲಂಚಿಗೆ ಏರಿತು. ಕೋಲ್‌ಮನ್, ರಾಂಕೆ, ವಿರ್ಖೋ ಎಂಬ ಮೂವರ ಹೆಸರಿನಲ್ಲಿ 1884ರಲ್ಲಿ ಒಪ್ಪಂದ ಅಚ್ಚಾಯಿತು.

ಇಲ್ಲೊಂದು ತಮಾಷೆ ಇದೆ. ಅದೇ 1884ರಲ್ಲಿ ರೀಡ್ ಎಂಬ ಬ್ರಿಟಿಷ್ ಶರೀರಶಾಸ್ತ್ರಜ್ಞ ಲ್ಯಾನ್ಸೆಟ್ ಪತ್ರಿಕೆಯಲ್ಲಿ ಬೇರೊಂದು ಉದ್ದೇಶಕ್ಕೆ ಹೆಚ್ಚುಕಮ್ಮಿ ಅದೇ ಗೆರೆ ಎಳೆದ. ಅವನಿಗೆ ಬುರುಡೆಗಳನ್ನು ಹೋಲಿಸುವ ಉಸಾಬರಿ ಇರಲಿಲ್ಲ. ಬದುಕಿರುವ ರೋಗಿಯ ನೆತ್ತಿಯ ಮೇಲೆ ಎಲ್ಲಿ ಕೊರೆದರೆ ಮಿದುಳಿನ ಯಾವ ಮಡಿಕೆ ಸಿಗುತ್ತದೆ ಎಂದು ಶಸ್ತ್ರವೈದ್ಯರಿಗೆ ತಿಳಿಸಬೇಕಿತ್ತು. ಅವನ ಗೆರೆ ಹೋಗುವುದು ಕಿವಿತೂತಿನ ನಡುವಿಗೆ. ಎರಡರ ಅಂತರ ಅರ್ಧ ಕಿವಿತೂತಿನಷ್ಟು, ಕೆಲವೇ ಮಿಲಿಮೀಟರ್. ಬಿ.ಡಿ. ಚೌರಾಸಿಯಾ ಅವರ ಪುಸ್ತಕ ಎರಡನ್ನೂ ಒಂದರ ಕೆಳಗೊಂದು ಕೊಟ್ಟು ಯಾವುದನ್ನು ಹಿಡಿದರೂ ಆದೀತು ಎನ್ನುವ ಧಾಟಿಯಲ್ಲಿ ಹೇಳುತ್ತದೆ. ದೇಶದ ಎಷ್ಟೋ ತಲೆಮಾರಿನ ವೈದ್ಯರು ಬುರುಡೆ ಹಿಡಿಯಲು ಕಲಿತದ್ದು ಆ ಪುಟದಿಂದ. ವೈವಾದಲ್ಲಿ ಹುಡುಗರು ರೀಡನ ಗೆರೆಯನ್ನು ಫ್ರಾಂಕ್‌ಫರ್ಟಿಗೂ ಫ್ರಾಂಕ್‌ಫರ್ಟಿನದನ್ನು ರೀಡನಿಗೂ ಕೊಟ್ಟು ಮೇಷ್ಟರಿಂದ ಬೈಸಿಕೊಳ್ಳುವುದೂ ಅಲ್ಲಿಂದಲೇ.

ಪಂಜರದತ್ತ ಹಿಂತಿರುಗುತ್ತೇನೆ, ಯಾಕೆಂದರೆ ಅದರ ನಿಜವಾದ ಚಮತ್ಕಾರ ಆಮೇಲೆ ತಿಳಿಯಿತು. ಮೂರು ಬಿಂದು ಸರಿಹೊಂದಿದ ಮೇಲೆ ಪ್ರಾಧ್ಯಾಪಕಿ ಚೌಕಟ್ಟನ್ನು ಬುರುಡೆಸಮೇತ ಎತ್ತಿ ಪಕ್ಕಕ್ಕೆ ಮಗುಚಿದರು. ಬುರುಡೆ ಈಗ ಕಿವಿಯ ಮೇಲೆ ಮಲಗಿದೆ, ಆದರೆ ಸರಿಯಾಗಿ 90 ಡಿಗ್ರಿ, ಒಂದಿಷ್ಟೂ ಹೆಚ್ಚಿಲ್ಲ, ಕಡಿಮೆ ಇಲ್ಲ. ಇನ್ನೊಮ್ಮೆ ಮಗುಚಿದರೆ ನೆತ್ತಿ ನಮ್ಮ ಕಡೆ. ಮತ್ತೊಮ್ಮೆ, ತಳ ಮೇಲೆ. ಬ್ಲೂಮೆನ್‌ಬಾಖ್‌ನ ನೋಟವೂ ಫ್ರಾಂಕ್‌ಫರ್ಟಿನ ಗೆರೆಯೂ ಒಂದೇ ಪೆಟ್ಟಿಗೆಯಲ್ಲಿ ರಾಜಿಯಾಗಿಬಿಟ್ಟಿವೆ. ಮಾನವಶಾಸ್ತ್ರಜ್ಞ ರುಡಾಲ್ಫ್ ಮಾರ್ಟಿನ್‌ನ ಕೈಚಳಕ ಇದು. 1914ರಲ್ಲಿ ಬಂದ ಅವನ ಮಾನವಶಾಸ್ತ್ರದ ಪಠ್ಯ ಅಳತೆಯವರಿಗೆಲ್ಲ ವೇದ. ಯಂತ್ರ ಅನ್ನಲು ಅದರಲ್ಲಿ ಏನೂ ಇಲ್ಲ. ಕಂಬಿ, ಇಕ್ಕಳ, ತಿರುಪು. ಆದರೂ ಅಂದು ನನಗಾದ ಖುಷಿ ಯಾವ ಕಂಪ್ಯೂಟರ್ ಪರದೆಯ ಮುಂದೆಯೂ ಆದದ್ದಿಲ್ಲ.

ಖುಷಿಯ ಜೊತೆಗೇ ಒಂದು ಇರುಸುಮುರುಸೂ ಇತ್ತು ಎಂದು ಹೇಳದಿದ್ದರೆ ತಪ್ಪಾದೀತು. ಇಷ್ಟೆಲ್ಲ ನಿಖರತೆ ಯಾತಕ್ಕೆ ಬೇಕಿತ್ತು? ಮನುಷ್ಯರನ್ನು ಜನಾಂಗಗಳಾಗಿ ವಿಂಗಡಿಸಿ, ಒಂದರ ಪಕ್ಕ ಒಂದನ್ನಿಟ್ಟು, ಮೇಲುಕೀಳು ಹುಡುಕಲು. ಒಪ್ಪಂದಕ್ಕೆ ಹೆಸರು ಕೊಟ್ಟವರೆಲ್ಲ ಒಂದೇ ಮನಸ್ಸಿನವರಲ್ಲ ಅನ್ನುವುದು ನಿಜ. ವಿರ್ಖೋ 60 ಲಕ್ಷಕ್ಕೂ ಹೆಚ್ಚು ಜರ್ಮನ್ ಶಾಲಾಮಕ್ಕಳ ಕಣ್ಣು, ಕೂದಲು, ಮೈಬಣ್ಣ ದಾಖಲಿಸಿ, ಶುದ್ಧ ಜರ್ಮನ್ ಜನಾಂಗ ಎಂಬುದು ಎಲ್ಲೂ ಕಾಣುತ್ತಿಲ್ಲ ಎಂದು ತೋರಿಸಿದವನು. ಹಾಗೆಂದು ವಸಾಹತುಗಳಿಂದ ಬುರುಡೆ ತರಿಸಿಕೊಳ್ಳುವುದನ್ನು ಅವನು ಬಿಡಲಿಲ್ಲ. ಅಂಥ ಸಂಗ್ರಹಗಳನ್ನು ಸೇರಿದ್ದ 20 ಬುರುಡೆಗಳನ್ನು ಬರ್ಲಿನ್ನಿನ ಷಾರಿಟೆ ಆಸ್ಪತ್ರೆ ನಮೀಬಿಯಾಕ್ಕೆ ಹಿಂತಿರುಗಿಸಿದ್ದು 2011ರಲ್ಲಿ.

ನಮ್ಮ ಮನೆಬಾಗಿಲಿಗೂ ಈ ಅಳತೆ ಬಂದಿತ್ತು. ಕನ್ನಡ ಸಾಹಿತ್ಯ ಪರಿಷತ್ತಿನ ಮೊದಲ ಅಧ್ಯಕ್ಷ ಎಚ್.ವಿ. ನಂಜುಂಡಯ್ಯ ಕೈಹಚ್ಚಿ, ಎಲ್.ಕೆ. ಅನಂತಕೃಷ್ಣ ಅಯ್ಯರ್ ಪೂರೈಸಿದ 'ಮೈಸೂರು ಟ್ರೈಬ್ಸ್ ಅಂಡ್ ಕಾಸ್ಟ್ಸ್' ಸಂಪುಟಗಳನ್ನು ಬಲ್ಲವರು ಅನೇಕ. ಅದರಲ್ಲಿ ಮೈಸೂರಿನ ಜನಾಂಗೀಯ ಸ್ಥಾನದ ಬಗ್ಗೆ ಅಧ್ಯಾಯ ಬರೆದವನು ಎಗಾನ್ ಫಾನ್ ಐಕ್‌ಸ್ಟೆಟ್. 1920ರ ದಶಕದ ಕೊನೆಗೆ ಭಾರತ ಸುತ್ತಿಹೋದ ಈ ಜರ್ಮನ್, ಆಮೇಲೆ ನಾಜಿ ಕಾಲದಲ್ಲಿ ಜನಾಂಗಶಾಸ್ತ್ರದ ಪತ್ರಿಕೆ ನಡೆಸಿದವನು. ಒಕ್ಕಲುಮಕ್ಕಳ, ಕಾಡುಕುರುಬರ ಹಾಡು, ಮದುವೆ, ಸೂತಕಗಳ ವಿವರ ಆ ಸಂಪುಟಗಳಲ್ಲಿ ಇಂದಿಗೂ ಉಪಯೋಗಕ್ಕೆ ಬರುತ್ತದೆ. ತಲೆಯ ಅಳತೆಯ ಪುಟಗಳನ್ನು ನಾನು ಮಗುಚಿಹಾಕಿಯೇ ಮುಂದೆ ಹೋಗುತ್ತೇನೆ.

ಇನ್ನೊಂದು ಲೆಕ್ಕವೂ ಬಾಕಿ ಇದೆ. 1985ರಲ್ಲಿ ಸರ್ಕಾರ ನಿಷೇಧಿಸುವ ತನಕ ಜಗತ್ತಿನ ಮೆಡಿಕಲ್ ಕಾಲೇಜುಗಳಿಗೆ ಅಸ್ಥಿಪಂಜರ ಒದಗಿಸುವ ದೊಡ್ಡ ಪೇಟೆ ಕೋಲ್ಕತ್ತವೇ ಆಗಿತ್ತು. ಇಂಗ್ಲೆಂಡ್, ಅಮೆರಿಕದ ಎಷ್ಟೋ ವಿದ್ಯಾರ್ಥಿಗಳು ಫ್ರಾಂಕ್‌ಫರ್ಟ್ ಗೆರೆ ಕಲಿತದ್ದು ಯಾರೋ ಬಡ ಭಾರತೀಯನ ತಲೆಯ ಮೇಲೆ. ಪ್ರಯೋಗಾಲಯದ ಬುರುಡೆಯ ಹಣೆಯ ಮೇಲೆ ಇಂಡಿಯನ್ ಇಂಕಿನಲ್ಲಿ ಬರೆದ ಒಂದು ನಂಬರ್ ಇತ್ತು, ಅಷ್ಟೆ. ಯಾರದಿರಬಹುದು ಎಂದೆ. "ರಿಜಿಸ್ಟರ್‌ನ್ಯಾಗ ನಂಬರ್ ಅಷ್ಟೇ ಐತ್ರಿ ಸರ," ಅಂದ ಅಟೆಂಡರ್, ಕಪಾಟಿನ ಬೀಗ ಹಾಕುತ್ತ.

ಇಂಥ ಹುಟ್ಟಿನ ಗೆರೆ ಇನ್ನೂ ಉಳಿದಿರುವುದೇಕೆ? ಬದುಕಿರುವವರಿಗೆ ಅದು ಉಪಯೋಗಕ್ಕೆ ಬಿದ್ದುಬಿಟ್ಟಿತು. ಅಂಗನವಾಡಿಗೆ ಹೋಗಿ ನೋಡಿ. ಎರಡು ವರ್ಷ ದಾಟಿದ ಮಗುವನ್ನು ಎತ್ತರದ ಪಟ್ಟಿಗೆ ಬೆನ್ನು ಹಚ್ಚಿ ನಿಲ್ಲಿಸಿದಾಗ, ಗಲ್ಲ ಹಿಡಿದು ತಲೆ ಸರಿಮಾಡುತ್ತಾರೆ. ವಿಶ್ವ ಆರೋಗ್ಯ ಸಂಸ್ಥೆಯ ಕೈಪಿಡಿ ಹೇಳುವ ಪ್ರಕಾರ ಕಿವಿತೂತಿನಿಂದ ಕಣ್ಣುಗೂಡಿನ ಕೆಳ ಅಂಚಿಗೆ ಎಳೆದ ಗೆರೆ ಪಾದದ ಹಲಗೆಗೆ ಸಮಾಂತರ ಇರಬೇಕು. ಇನ್ನೂ ಚಿಕ್ಕ ಕೂಸುಗಳನ್ನು ಮಲಗಿಸಿ ಅಳೆಯುತ್ತಾರೆ, ಆಗ ಅದೇ ಗೆರೆ ಲಂಬ. ಮಗು ಗಲ್ಲ ಎತ್ತಿದರೂ ತಗ್ಗಿಸಿದರೂ ಅಳತೆ ಏರುಪೇರಾಗುತ್ತದೆ. ಕುಂಠಿತ ಬೆಳವಣಿಗೆಯ ಗಡಿಯಲ್ಲಿರುವ ಮಗುವಿಗೆ ಅರ್ಧ ಸೆಂಟಿಮೀಟರ್ ಸಣ್ಣ ಸಂಗತಿಯಲ್ಲ. ವಿರ್ಖೋನ ಹೆಸರು ಕೇಳದ ಕಾರ್ಯಕರ್ತೆ "ಇಲ್ಲಿ ನೋಡು ಪುಟ್ಟಾ, ಅಮ್ಮನ್ನ ನೋಡು" ಎಂದು ಮಗುವಿನ ತಲೆಯನ್ನು ಅವನ ಸಮತಲಕ್ಕೆ ತರುತ್ತಾಳೆ. ಪೊಲೀಸ್ ನೇಮಕಾತಿಯ ಮೈದಾನದಲ್ಲಿ ಕತ್ತು ಚಾಚಿ ನಿಲ್ಲುವ ಹುಡುಗರಿಗೂ ಇದೇ ಶಾಸ್ತ್ರ ಅನ್ವಯ.

ಹಲ್ಲಿನವರಿಗಂತೂ ಇದು ನಿತ್ಯದ ಅನ್ನ. 1931ರಲ್ಲಿ ಅಮೆರಿಕದ ಬ್ರಾಡ್‌ಬೆಂಟ್, ಜರ್ಮನಿಯ ಹೋಫ್ರಾತ್ ಒಬ್ಬರಿಗೊಬ್ಬರ ಹಂಗಿಲ್ಲದೆ ತಲೆಯನ್ನು ಕದಲದಂತೆ ಹಿಡಿದು ಎಕ್ಸ್‌ರೇ ತೆಗೆಯುವ ಕ್ರಮ ಪ್ರಕಟಿಸಿದರು. ಎರಡೂ ಕಿವಿಗೆ ಕಡ್ಡಿ ತೂರಿಸಿ, ಕಣ್ಣ ಕೆಳಗೆ ಮೊನೆ ತಾಗಿಸಿ ನಿಲ್ಲಿಸುವ ಆ ಯಂತ್ರ ಪಂಜರದ ಮರಿಮಗು. ಕೆಳದವಡೆಯ ಅಂಚು ಫ್ರಾಂಕ್‌ಫರ್ಟ್ ಗೆರೆಗೆ 25 ಡಿಗ್ರಿ ಆಸುಪಾಸಿನಲ್ಲಿದ್ದರೆ ಸರಿ ಎಂದು ಚಾರ್ಲ್ಸ್ ಟ್ವೀಡ್ ಹೇಳಿದ್ದನ್ನು ತಂತಿ ಹಾಕುವ ವೈದ್ಯರು ಈಗಲೂ ನೋಡುತ್ತಾರೆ. ವಿಚಿತ್ರವೆಂದರೆ ಕಾಂಪರನೂ ಸತ್ತಿಲ್ಲ. ಪೂರ್ತಿ ಹಲ್ಲುಸೆಟ್ ಮಾಡಿಸಿಕೊಳ್ಳುವ ಅಜ್ಜನ ಮೂಗಿನ ಹೊಳ್ಳೆಯಿಂದ ಕಿವಿಯ ಮುಂಗುಬ್ಬಿಗೆ ಅಳೆಯುತ್ತಾರಲ್ಲ, ಅದು ಅವನದೇ ಗೆರೆಯ ವಂಶ.

ಆದರೆ ಬದುಕಿರುವ ತಲೆ ಫ್ರಾಂಕ್‌ಫರ್ಟಿನ ಮಾತು ಕೇಳುವುದಿಲ್ಲ. ಕೆಲವರ ನಡಿಗೆಯಲ್ಲೇ ಗಲ್ಲ ಮೇಲಿರುತ್ತದೆ; ಕೆಲವರು ನೆಲ ನೋಡಿಕೊಂಡೇ ಬದುಕುತ್ತಾರೆ. ಸಮಾಧಾನವಾಗಿ ನಿಂತವರ ಗೆರೆ ನಿಜವಾದ ಅಡ್ಡರೇಖೆಯಿಂದ ಹಲವು ಡಿಗ್ರಿ ಅತ್ತಿತ್ತ ಸರಿದಿರುತ್ತದೆ. 1958ರಲ್ಲಿ ಮೂರೀಸ್ ಮತ್ತು ಕೀನ್ ಎಂಬಿಬ್ಬರು, ಕಿವಿಗೆ ಕಡ್ಡಿ ಹಾಕಿ ಒತ್ತಾಯ ಮಾಡುವ ಬದಲು ಮನುಷ್ಯ ತಾನಾಗಿ ತಲೆ ಹಿಡಿಯುವ ಭಂಗಿಯನ್ನೇ ಆಧಾರ ಮಾಡಿಕೊಳ್ಳೋಣ ಎಂದು ವಾದಿಸಿದರು. ನನ್ನ ಒಲವು ಅವರ ಕಡೆಗೇ.

ಸಮತೋಲದ ಅಂಗ ಇರುವುದು ಒಳಗಿವಿಯಲ್ಲಿ. ಅಲ್ಲಿಯ ಮೂರು ಅರ್ಧವೃತ್ತ ನಳಿಕೆಗಳಲ್ಲಿ ಒಂದು ಅಡ್ಡಕ್ಕಿದೆ ಅನ್ನುತ್ತಾರೆ. ಬುರುಡೆಯನ್ನು ಫ್ರಾಂಕ್‌ಫರ್ಟಿಗೆ ತಂದು ನಿಲ್ಲಿಸಿದರೆ ಅದೂ ಅಡ್ಡಕ್ಕಿರುವುದಿಲ್ಲ, ಮುಂದಿನ ತುದಿ 20ರಿಂದ 30 ಡಿಗ್ರಿ ಮೇಲೆ ನೋಡುತ್ತದೆ. ತಲೆಸುತ್ತು ಪರೀಕ್ಷಿಸುವ ಇಎನ್‌ಟಿ ವೈದ್ಯರು ಅಂಗಾತ ಮಲಗಿದ ರೋಗಿಯ ತಲೆಯನ್ನು 30 ಡಿಗ್ರಿ ಎತ್ತಿ ಕಿವಿಗೆ ನೀರು ಬಿಡುವುದು ಆ ನಳಿಕೆಯನ್ನು ನೆಟ್ಟಗೆ ಲಂಬಕ್ಕೆ ತರಲು. ಹಾಗಾದರೆ ನಳಿಕೆಯನ್ನೇ ನಂಬಿದರೆ? ನಂಬಿದವರಿದ್ದಾರೆ. 2007ರಲ್ಲಿ ಪಾಲ್ ಸೆರೆನೊ ತಂಡ ಆಫ್ರಿಕಾದ ನೈಜರ್‌ಸಾರಸ್ ಎಂಬ ಡೈನೋಸಾರಿನ ಬುರುಡೆಯನ್ನು ಸ್ಕ್ಯಾನ್ ಮಾಡಿ, ಒಳಗಿವಿಯ ನಳಿಕೆ ಅಡ್ಡಕ್ಕೆ ಬರುವಂತೆ ತಿರುಗಿಸಿ, ಅದು ಹಸುವಿನ ಹಾಗೆ ಮೂತಿ ನೆಲಕ್ಕೆ ಹಾಕಿಕೊಂಡೇ ಇರುತ್ತಿತ್ತು ಅಂದಿತು. ಬದುಕಿರುವ ಪ್ರಾಣಿಗಳಲ್ಲೇ ನಳಿಕೆಗೂ ಭಂಗಿಗೂ ಅಷ್ಟೊಂದು ತಾಳೆ ಇಲ್ಲ ಎಂದು ಇತರರು ಆಮೇಲೆ ತಗಾದೆ ತೆಗೆದರು. ಡೈನೋಸಾರಿಗೂ ಒಂದು ಫ್ರಾಂಕ್‌ಫರ್ಟ್ ಸಭೆ ಬೇಕಾದೀತು.

ಮೊನ್ನೆ ಅಕ್ಕನ ಮಗಳಿಗೆ ಹಲ್ಲಿನ ತಂತಿ ಹಾಕಿಸಲು ಜೊತೆಗೆ ಹೋಗಿದ್ದೆ. ವೈದ್ಯೆ ಕಿವಿಕಡ್ಡಿ ತೂರಿಸುವ ಮೊದಲು ಎದುರಿಗೊಂದು ಕನ್ನಡಿ ಇಟ್ಟು, "ನಿನ್ನ ಕಣ್ಣನ್ನ ನೀನೇ ನೋಡಮ್ಮ, ನನ್ನನ್ನಲ್ಲ" ಅಂದರು. ಪಕ್ಕದಲ್ಲೊಂದು ಸಣ್ಣ ಸರಪಳಿ ತೂಗುತ್ತಿತ್ತು. ಎಕ್ಸ್‌ರೇಯಲ್ಲಿ ಅದರ ನೆರಳೇ ತೂಗುಗುಂಡು, ಭೂಮಿ ಯಾವ ಕಡೆ ಎಂದು ಹೇಳಲು. ಪರದೆಯ ಮೇಲೆ ಚಿತ್ರ ಬಂದಾಗ ಸರಪಳಿಗೆ ಲಂಬವಾಗಿ ಒಂದು ಗೆರೆ, ಕಿವಿ-ಕಣ್ಣಿಗೆ ಇನ್ನೊಂದು ಗೆರೆ ಎಳೆದರು. ಎರಡೂ ಕೂಡಲಿಲ್ಲ, ಹುಡುಗಿ ಗಲ್ಲ ತುಸು ಎತ್ತಿ ನಿಲ್ಲುವವಳು. ಯಾವುದನ್ನು ನಂಬುತ್ತೀರಿ ಎಂದು ಕೇಳಿದೆ. ಮುಖ ಹೇಗೆ ಕಾಣುತ್ತದೆ ಅನ್ನುವುದಕ್ಕೆ ಸರಪಳಿ, ಪುಸ್ತಕದ ಅಂಕಿಗಳ ಜೊತೆ ಹೋಲಿಸಲು ಫ್ರಾಂಕ್‌ಫರ್ಟ್ ಅಂದರು. ಎರಡು ಕೋನಗಳನ್ನೂ ಫೈಲಿನಲ್ಲಿ ಬರೆದುಕೊಂಡು, ತಂತಿ ಬಿಗಿಯಲು ಮುಂದಿನ ತಿಂಗಳು ಬರಹೇಳಿದರು.